ಬಾ ಗುರು, ಬನ್ನಿ ಗುರು

ಕನ್ನಡದಲ್ಲಿ ಅಪರಿಚಿತರನ್ನು ಮಾತಾಡಿಸುವುದು ಸುಲಭವಲ್ಲ. ಅವರ ಹೆಸರು ಗೊತ್ತಿರಬೇಕಿಲ್ಲ, ಊರು ಗೊತ್ತಿರಬೇಕಿಲ್ಲ. ಆದರೆ ಅವರು ‘ನೀನು’ ಅನ್ನಿಸಿಕೊಳ್ಳುವವರೋ ‘ನೀವು’ ಅನ್ನಿಸಿಕೊಳ್ಳುವವರೋ ಎಂಬುದನ್ನು ಮೊದಲ ವಾಕ್ಯ ಮುಗಿಯುವುದರೊಳಗೆ ತೀರ್ಮಾನಿಸಿರಬೇಕು. ಸರ್ವನಾಮವನ್ನು ಬೇಕಾದರೆ ನುಂಗಿಕೊಳ್ಳಬಹುದು, ನಮ್ಮ ಭಾಷೆಯಲ್ಲಿ ಅದಕ್ಕೆ ಅವಕಾಶವಿದೆ. ಕ್ರಿಯಾಪದದ ಬಾಲವನ್ನು ನುಂಗುವಂತಿಲ್ಲ. ಹೋಗ್ತೀಯಾ, ಇಲ್ಲವೇ ಹೋಗ್ತೀರಾ. ಬಾ, ಇಲ್ಲವೇ ಬನ್ನಿ. ನಡುವೆ ಮೂರನೆಯದಿಲ್ಲ. ತಪ್ಪಿದರೆ ಏನಾಗುತ್ತದೆಂದು ಬೆಂಗಳೂರಿನಲ್ಲಿ ಗಾಡಿಗೆ ಗಾಡಿ ತಾಗಿಸಿಕೊಂಡವರನ್ನು ಕೇಳಿ. ‘ಏಕವಚನದಲ್ಲಿ ಮಾತಾಡ್ತೀಯಾ?’ ಎಂಬ ಪ್ರಶ್ನೆ ಅಲ್ಲಿ ಕೇಳಿಬಂದೇ ಬರುತ್ತದೆ. ವ್ಯಾಕರಣದ ಪಾರಿಭಾಷಿಕ ಪದವೊಂದು ಬೀದಿ ಜಗಳದಲ್ಲಿ ಇಷ್ಟು ಸಲೀಸಾಗಿ ಬಳಕೆಯಾಗುವುದನ್ನು ಕಂಡರೆ ಶಾಲೆಯ ಕನ್ನಡ ಮೇಷ್ಟ್ರು ಸಂತೋಷಪಡಬೇಕು.

ಒಂದು ಭಾನುವಾರ ಬೆಳಗ್ಗೆ ಗಾಂಧಿ ಬಜಾರಿನ ವಿದ್ಯಾರ್ಥಿ ಭವನದಲ್ಲಿ ಕೂತು ಕಿವಿಗೊಟ್ಟರೆ ಈ ಸಮಸ್ಯೆ ಎಷ್ಟು ದೊಡ್ಡದು, ಜನ ಅದನ್ನು ಹೇಗೆ ದಾಟುತ್ತಾರೆ ಎರಡೂ ಕಾಣುತ್ತವೆ. 1943ರಲ್ಲಿ ಶುರುವಾದ ಈ ಹೋಟೆಲಿನಲ್ಲಿ ಹೊರಗೆ ಕಾದು ನಿಂತವರಿಗೆ ಒಳಗೆ ಜಾಗ ಸಿಕ್ಕಾಗ ಮೇಜು ಪೂರ್ತಿ ತಮ್ಮದೇ ಆಗಿರುತ್ತದೆಂಬ ಭರವಸೆಯಿಲ್ಲ. ಇಬ್ಬರು ಗೆಳೆಯರು ಒಂದು ಕಡೆ, ಎದುರಿಗೆ ಗುರುತು ಪರಿಚಯವಿಲ್ಲದ ಇನ್ನಿಬ್ಬರು. ಒಬ್ಬ ಹುಡುಗ ಕೂರುವ ಮೊದಲು ಎದುರಿನ ಹಿರಿಯರಿಗೆ ‘ಇಲ್ಲಿ ಕೂತ್ಕೋಬಹುದಾ ಸಾರ್?’ ಎನ್ನುತ್ತಾನೆ. ಒಂದೇ ಕೈಯಲ್ಲಿ ದೋಸೆ ತಟ್ಟೆಗಳ ಸಾಲು ಪೇರಿಸಿಕೊಂಡು ಬಂದ ಮಾಣಿಗೆ ‘ಅಣ್ಣಾ, ಇಲ್ಲೊಂದು’. ಪಕ್ಕದ ಗೆಳೆಯನಿಗೆ ‘ಮಗಾ, ಆಮೇಲೆ ಕಾಫಿ ಹೇಳೋ’. ಆಮೇಲೆ ಎದುರಿಗೆ ಕೂತ, ತನ್ನದೇ ವಯಸ್ಸಿನ, ಹೆಸರು ಗೊತ್ತಿಲ್ಲದ ಇನ್ನೊಬ್ಬ ಹುಡುಗನಿಗೆ ‘ಗುರು, ಆ ನೀರಿನ ಲೋಟ ಸ್ವಲ್ಪ...’ ಎಂದು ವಾಕ್ಯವನ್ನು ಅರ್ಧಕ್ಕೇ ಬಿಡುತ್ತಾನೆ. ಕೊಡು ಅನ್ನಲಿಲ್ಲ, ಕೊಡಿ ಅನ್ನಲಿಲ್ಲ. ಲೋಟ ಬಂತು.

ಈ ನಾಲ್ಕು ಸಂಬೋಧನೆಗಳಲ್ಲಿ ಕೊನೆಯದು ನನಗೆ ಅತ್ಯಂತ ಸ್ವಾರಸ್ಯಕರವಾಗಿ ಕಾಣುತ್ತದೆ. ಬೆಂಗಳೂರಿನ ಆಡುಮಾತನ್ನು ಕೊಳಕು ಕನ್ನಡ, ಕಲಬೆರಕೆ ಕನ್ನಡ ಎಂದು ಬೈಯುವವರು ಮೊದಲು ಬೊಟ್ಟು ಮಾಡುವುದು ‘ಗುರು’, ‘ಮಗಾ’, ‘ಮಚ್ಚಾ’ಗಳ ಕಡೆಗೇ. ಭಾಷಾವಿಜ್ಞಾನದ ಕಣ್ಣಿಗೆ ಇವು ಬೇರೆಯಾಗಿ ಕಾಣುತ್ತವೆ. ವ್ಯಾಕರಣ ಬಿಟ್ಟುಹೋದ ಒಂದು ಬಿರುಕಿಗೆ ಜನ ತಾವೇ ಹಾಕಿಕೊಂಡ ಗಾರೆ ಇವು.

ಒಂದು ಸಣ್ಣ ಪ್ರಯೋಗ ಮಾಡಬಹುದು. ಒಂದೊಂದು ಸಂಬೋಧನೆಯನ್ನೂ ‘ಬಾ’ ಮತ್ತು ‘ಬನ್ನಿ’ ಎರಡರ ಪಕ್ಕ ಇಟ್ಟು ಬಾಯಿಬಿಟ್ಟು ಹೇಳಿ ನೋಡಿ. ‘ಬನ್ನಿ ಸಾರ್’ ಸರಿ. ‘ಬಾ ಸಾರ್’ ಅಂದರೆ ಕನ್ನಡ ಹೊಸದಾಗಿ ಕಲಿಯುತ್ತಿರುವವರು, ಇಲ್ಲವೇ ಕಿಚಾಯಿಸುತ್ತಿರುವವರು. ‘ಬಾ ಮಗಾ’ ಸರಿ. ‘ಬನ್ನಿ ಮಗಾ’ ನಾಲಿಗೆಗೆ ಒಗ್ಗುವುದಿಲ್ಲ. ‘ಬಾ ಮಚ್ಚಾ’ ಉಂಟು. ‘ಬನ್ನಿ ಮಚ್ಚಾ’ ಇಲ್ಲ. ಅಂದರೆ ಈ ಪದಗಳು ಬರೀ ಕರೆಯುವ ಪದಗಳಲ್ಲ, ಹಿಂದೆ ಬರುವ ಕ್ರಿಯಾಪದದ ಬಾಲವನ್ನೂ ನಿರ್ಧರಿಸುತ್ತವೆ. ಈಗ ‘ಗುರು’ ಹಾಕಿ. ‘ಬಾರೋ ಗುರು’, ‘ಬಾ ಗುರು’, ‘ಬನ್ನಿ ಗುರು’ ಮೂರೂ ಬೆಂಗಳೂರಿನಲ್ಲಿ ದಿನಬೆಳಗಾದರೆ ಕೇಳುವ ಮಾತುಗಳು. ಆಟೋದವರು ‘ಎಲ್ಲಿಗೆ ಗುರು?’ ಎನ್ನಬಹುದು, ಹತ್ತುವವರು ‘ಮಲ್ಲೇಶ್ವರ ಎಂಟನೇ ಕ್ರಾಸ್ ಬರ್ತೀರಾ ಗುರು?’ ಎನ್ನಬಹುದು. ‘ಅಣ್ಣ’ ಕೂಡ ಎರಡಕ್ಕೂ ಒಗ್ಗುತ್ತದೆ ನಿಜ. ಆದರೆ ಅಣ್ಣ ಅನ್ನಿಸಿಕೊಳ್ಳಲು ವಯಸ್ಸಾಗಿರಬೇಕು, ಇಲ್ಲವೇ ಹಾಗೆ ಕಾಣುವುದಕ್ಕೆ ಒಪ್ಪಿಗೆಯಿರಬೇಕು. ‘ಗುರು’ ವಯಸ್ಸು ಕೇಳುವುದಿಲ್ಲ, ಅಂತಸ್ತು ಕೇಳುವುದಿಲ್ಲ. ಗುರುವೆಂದ ಮೇಲೆ ಗೌರವ ಕೊಟ್ಟಂತೆಯೂ ಆಯಿತು, ಹೆಗಲ ಮೇಲೆ ಕೈ ಹಾಕಿದಂತೆಯೂ ಆಯಿತು. ಎದುರಿನವರು ಯಾವುದನ್ನು ಬೇಕಾದರೂ ತೆಗೆದುಕೊಳ್ಳಬಹುದು.

ನೀನು–ನೀವುಗಳ ಈ ತಾಕಲಾಟವನ್ನು ವಿಜ್ಞಾನವಾಗಿ ಮೊದಲು ಹಿಡಿದಿಟ್ಟ ಪ್ರಸಿದ್ಧ ಪ್ರಬಂಧ 1960ರದು. ಮನಶ್ಶಾಸ್ತ್ರಜ್ಞ ರೋಜರ್ ಬ್ರೌನ್ ಮತ್ತು ಆಲ್ಬರ್ಟ್ ಗಿಲ್ಮನ್ ಇಬ್ಬರೂ ಸೇರಿ ಬರೆದದ್ದು. ಫ್ರೆಂಚಿನ ತು–ವು, ಜರ್ಮನ್ನಿನ ದು–ಝೀ ಮುಂತಾದ ಜೋಡಿಗಳನ್ನು ಅವರು ಪರಿಶೀಲಿಸಿದರು. ಇಂಥ ಜೋಡಿಗಳ ಹಿಂದೆ ಎರಡು ಎಳೆತಗಳಿವೆ ಎಂಬುದು ಅವರ ವಾದ. ಒಂದು ಅಧಿಕಾರ: ಮೇಲಿನವರು ಕೆಳಗಿನವರಿಗೆ ‘ನೀನು’ ಎನ್ನುತ್ತಾರೆ, ‘ನೀವು’ ಎಂದು ವಾಪಸ್ಸು ಪಡೆಯುತ್ತಾರೆ. ಇನ್ನೊಂದು ಆಪ್ತತೆ: ಹತ್ತಿರದವರು ಇಬ್ಬರೂ ‘ನೀನು’, ದೂರದವರು ಇಬ್ಬರೂ ‘ನೀವು’. ಯುರೋಪಿನಲ್ಲಿ ಹಿಂದೆ ಅಧಿಕಾರದ ಲೆಕ್ಕಾಚಾರ ಬಲವಾಗಿತ್ತು, ಇಪ್ಪತ್ತನೇ ಶತಮಾನಕ್ಕೆ ಬರುವಷ್ಟರಲ್ಲಿ ಆಪ್ತತೆಯ ಲೆಕ್ಕಾಚಾರ ಮೇಲುಗೈ ಪಡೆಯಿತು ಎಂದು ಅವರು ತೋರಿಸಿದರು. ಇದನ್ನು ಅರ್ಥಮಾಡಿಕೊಳ್ಳಲು ನಾವು ಪ್ಯಾರಿಸ್ಸಿಗೆ ಹೋಗಬೇಕಿಲ್ಲ. ಬಸವನಗುಡಿಯ ಹಳೆಯ ಮನೆಗಳಲ್ಲಿ ಅಜ್ಜಿ ಅಜ್ಜನಿಗೆ ‘ನೀವು’, ಅಜ್ಜ ಅಜ್ಜಿಗೆ ‘ನೀನು’. ಅದೇ ಮನೆಯ ಮೊಮ್ಮಗಳು ಗಂಡನಿಗೆ ‘ಏನೋ’ ಎನ್ನುತ್ತಾಳೆ, ಅವನು ‘ಏನೇ’ ಎನ್ನುತ್ತಾನೆ. ಎರಡು ತಲೆಮಾರಿನಲ್ಲಿ ಅಧಿಕಾರದಿಂದ ಆಪ್ತತೆಗೆ.

ಆದರೆ ಬ್ರೌನ್ ಮತ್ತು ಗಿಲ್ಮನ್ನರ ನಕ್ಷೆಯಲ್ಲಿ ನಮ್ಮ ಗಾಂಧಿ ಬಜಾರಿನ ಹುಡುಗನಿಗೆ ಒಂದು ತೊಂದರೆಯಿದೆ. ಎದುರಿನವನು ಸಮವಯಸ್ಕ, ಆದ್ದರಿಂದ ‘ನೀವು’ ಎಂದರೆ ಬಿಗುಮಾನ. ಅಪರಿಚಿತ, ಆದ್ದರಿಂದ ‘ನೀನು’ ಎಂದರೆ ಸಲಿಗೆ. ಹಳ್ಳಿಯಲ್ಲಾದರೆ ಈ ಇಕ್ಕಟ್ಟು ಅಷ್ಟಾಗಿ ಬರುತ್ತಿರಲಿಲ್ಲ. ಯಾರ ಮನೆಯವರು, ಯಾರಿಗೆ ಏನಾಗಬೇಕು ಎಂಬುದು ಗೊತ್ತಿರುತ್ತಿತ್ತು. ನಗರವೆಂದರೆ ಸಮಾನ ಅಪರಿಚಿತರ ಸಂತೆ. ಚಾಮರಾಜಪೇಟೆ, ಬಸವನಗುಡಿ, ಮಲ್ಲೇಶ್ವರಗಳು ಎದ್ದದ್ದೇ ಹಾಗೆ. ಚಾಮರಾಜಪೇಟೆ 1890ರ ದಶಕದ ಆರಂಭದ ಬಡಾವಣೆ. 1898ರ ಪ್ಲೇಗು ಪೇಟೆಯ ಇಕ್ಕಟ್ಟಿನಿಂದ ಜನರನ್ನು ಹೊರಗಟ್ಟಿದ ಮೇಲೆ ಬಸವನಗುಡಿ, ಮಲ್ಲೇಶ್ವರಗಳು ತುಂಬಿಕೊಂಡವು. ನಾಲ್ಕಾರು ಭಾಷೆಯವರು, ಹತ್ತಾರು ಊರಿನವರು ಒಂದೇ ಕ್ರಾಸಿನಲ್ಲಿ ನೆರೆಹೊರೆಯಾದರು.

ಇಂಗ್ಲಿಷಿಗೆ ನಮ್ಮ ಈ ನೀನು–ನೀವು ಇಕ್ಕಟ್ಟಿಗೆ ತದ್ವಿರುದ್ಧವಾದ ಕಾಯಿಲೆ. ಒಂದು ಕಾಲಕ್ಕೆ ಅದರಲ್ಲೂ ‘ದೌ’ ಎಂಬ ಏಕವಚನ, ‘ಯೂ’ ಎಂಬ ಬಹುವಚನ ಇದ್ದವು. ಶೇಕ್ಸ್‌ಪಿಯರನ ಪಾತ್ರಗಳು ಕೋಪ ಬಂದಾಗ, ಪ್ರೀತಿ ಉಕ್ಕಿದಾಗ ಒಂದರಿಂದ ಇನ್ನೊಂದಕ್ಕೆ ಜಿಗಿಯುತ್ತವೆ. ಹದಿನೆಂಟನೇ ಶತಮಾನದ ಹೊತ್ತಿಗೆ ಶಿಷ್ಟ ಮಾತಿನಿಂದ ‘ದೌ’ ಉದುರಿಹೋಯಿತು. ಪ್ರಾರ್ಥನೆಯಲ್ಲಿ, ಕ್ವೇಕರ್ ಪಂಥದವರಲ್ಲಿ, ಯಾರ್ಕ್‌ಷೈರಿನಂಥ ಕೆಲವು ಕಡೆಯ ಆಡುನುಡಿಯಲ್ಲಿ ಮಾತ್ರ ಉಳಿಯಿತು. ರಾಜನಿಗೂ ‘ಯೂ’, ನಾಯಿಗೂ ‘ಯೂ’. ನಮ್ಮ ಫಜೀತಿ ಅವರಿಗಿಲ್ಲ. ಆದರೆ ‘ಬಾರೋ’ ಎಂಬ ಒಂದಕ್ಷರದ ‘ಓ’ದಲ್ಲಿ ನಮಗೆ ಸಿಗುವ ಸಲಿಗೆಯೂ ಅವರಿಗಿಲ್ಲ. ಅದನ್ನು ಹೊರಗಿನಿಂದ ತರಬೇಕು. ಅಮೆರಿಕದಲ್ಲಿ ಆ ಕೆಲಸಕ್ಕೆ ಬಂದದ್ದು ‘ಡ್ಯೂಡ್’ ಎಂಬ ವಿಚಿತ್ರ ಪದ.

ಇದರ ಜಾತಕ ಓದಲು ಚೆನ್ನಾಗಿದೆ. 1883ರ ಜನವರಿಯಲ್ಲಿ ನ್ಯೂಯಾರ್ಕಿನ ‘ವರ್ಲ್ಡ್’ ಪತ್ರಿಕೆಯಲ್ಲಿ ರಾಬರ್ಟ್ ಸೇಲ್ ಹಿಲ್ ಎಂಬಾತನ ಒಂದು ವಿಡಂಬನೆಯ ಪದ್ಯ ಬಂತು. ಇಂಗ್ಲೆಂಡಿನವರನ್ನು ಅನುಕರಿಸಿ, ಬಿಗಿ ಷರಾಯಿ ತೊಟ್ಟು, ಬೆತ್ತ ಹಿಡಿದು ತಿರುಗುವ ಷೋಕಿಲಾಲರನ್ನು ಅದು ‘ಡ್ಯೂಡ್’ ಎಂದು ಲೇವಡಿ ಮಾಡಿತು. ಕೆಲವೇ ತಿಂಗಳಲ್ಲಿ ಪದ ಅಮೆರಿಕದ ಪತ್ರಿಕೆಗಳಲ್ಲೆಲ್ಲ ಹಬ್ಬಿತು. ಬ್ಯಾರಿ ಪಾಪಿಕ್ ಮತ್ತು ಜೆರಾಲ್ಡ್ ಕೋಹೆನ್ ಎಂಬ ಪದಶೋಧಕರು ಹಳೆಯ ಪತ್ರಿಕೆಗಳನ್ನು ಜಾಲಾಡಿ, ಇದು ‘ಯಾಂಕೀ ಡೂಡಲ್’ ಎಂಬ ಹಾಡಿನ ‘ಡೂಡಲ್’ ತುಂಡಾಗಿ ಬಂದದ್ದೆಂಬ ನಿಲುವಿಗೆ ಬಂದಿದ್ದಾರೆ. ಆಮೇಲೆ ಪಶ್ಚಿಮದ ದನಗಾಹಿಗಳು ಪಟ್ಟಣದಿಂದ ಬಂದ ಅಮಾಯಕರನ್ನು ಹಾಗೆ ಕರೆದರು. 1930–40ರ ದಶಕಗಳಲ್ಲಿ ಝೂಟ್ ಸೂಟ್ ಎಂಬ ದೊಗಳೆ ಉಡುಪು ತೊಡುತ್ತಿದ್ದ ಮೆಕ್ಸಿಕನ್ ಅಮೆರಿಕನ್ ಮತ್ತು ಕಪ್ಪು ಯುವಕರು ಅದನ್ನು ತಮ್ಮ ತಮ್ಮೊಳಗಿನ ಕರೆಯಾಗಿ ಮಾಡಿಕೊಂಡರು. ಅವರಿಂದ ಕ್ಯಾಲಿಫೋರ್ನಿಯದ ಅಲೆ ಸವಾರರಿಗೆ, ಅಲ್ಲಿಂದ 1980ರ ದಶಕದ ಸಿನಿಮಾಗಳಿಗೆ, ಅಲ್ಲಿಂದ ಎಲ್ಲರ ಬಾಯಿಗೆ. ಬೈಗುಳದಂತೆ ಹುಟ್ಟಿದ್ದು ಗೆಳೆತನವಾಯಿತು.

ಪಿಟ್ಸ್‌ಬರ್ಗ್ ವಿಶ್ವವಿದ್ಯಾಲಯದ ಸ್ಕಾಟ್ ಕೀಸ್ಲಿಂಗ್ ಈ ಪದದ ಮೇಲೆ 2004ರಲ್ಲಿ ‘ಅಮೆರಿಕನ್ ಸ್ಪೀಚ್’ ಪತ್ರಿಕೆಯಲ್ಲಿ ಒಂದು ಪೂರ್ಣ ಸಂಶೋಧನಾ ಪ್ರಬಂಧ ಬರೆದರು. ಒಂದು ಪೋಲಿ ಪದಕ್ಕೆ ಇಷ್ಟು ಮರ್ಯಾದೆಯೇ ಎಂದು ಆಗ ಪತ್ರಿಕೆಗಳು ಹುಬ್ಬೇರಿಸಿದ್ದವು. ಅವರ ವಿಧಾನ ಸರಳ. ವಿದ್ಯಾರ್ಥಿಗಳಿಗೆ ಒಂದು ಕೆಲಸ ಕೊಟ್ಟರು: ಮೂರು ದಿನ ಕಿವಿ ತೆರೆದಿಟ್ಟುಕೊಂಡು ಕೇಳಿಸಿದ ‘ಡ್ಯೂಡ್’ಗಳನ್ನು ಬರೆದುಕೊಳ್ಳಿ, ಯಾರು ಯಾರಿಗೆ ಹೇಳಿದರು, ಇಬ್ಬರ ಸಂಬಂಧವೇನು, ಸಂದರ್ಭವೇನು ಅದನ್ನೂ ಬರೆಯಿರಿ. ಐನೂರಕ್ಕೂ ಹೆಚ್ಚು ಉದಾಹರಣೆಗಳು ಸಿಕ್ಕವು. ಗಂಡಸರು ಗಂಡಸರಿಗೆ ಹೇಳಿದ್ದೇ ಹೆಚ್ಚು, ಆದರೆ ಹೆಂಗಸರು ಹೆಂಗಸರಿಗೆ ಹೇಳಿದ್ದೂ ಕಡಿಮೆಯೇನಿರಲಿಲ್ಲ. ಮಾತನ್ನು ಶುರುಮಾಡಲು, ಉದ್ಗರಿಸಲು, ಒರಟು ಮಾತಿನ ಮೊನೆ ಮುರಿಯಲು, ಹತ್ತಿರವಾಗಲು, ಒಪ್ಪಿಗೆ ಸೂಚಿಸಲು ಪದ ಬಳಕೆಯಾಗಿತ್ತು. ಇಷ್ಟೂ ಬಳಕೆಗಳ ತಳದಲ್ಲಿ ಅವರು ಕಂಡದ್ದು ಒಂದು ನಿಲುವು: ಹತ್ತಿರವೂ ಹೌದು, ಆದರೆ ಅಂಟಿಕೊಂಡಿಲ್ಲ. ನೀನು ನನ್ನವನು, ಹಾಗಂತ ಕಣ್ಣೀರು ಹಾಕುತ್ತಾ ತಬ್ಬಿಕೊಳ್ಳಬೇಕಿಲ್ಲ.

ಅದನ್ನು ಓದುವಾಗ ಬೆಂಗಳೂರಿನವರಿಗೆ ‘ಮಗಾ’ ನೆನಪಾಗದಿದ್ದರೆ ಆಶ್ಚರ್ಯ.

‘ಮಗ’ನ ಬೇರು ಬಹಳ ಹಿಂದಿನದು. ತಮಿಳಿನ ‘ಮಗನ್’, ‘ಮಗಳ್’, ನಮ್ಮ ‘ಮಗು’ ಎಲ್ಲ ಒಂದೇ ಬೇರಿನವು. ಇದರ ಬಹುವಚನ ‘ಮಕ್ಕಳ್’ ತಮಿಳಿನಲ್ಲಿ ಜನ ಎಂಬ ಅರ್ಥಕ್ಕೂ ಹಿಗ್ಗಿದೆ. ಕನ್ನಡದಲ್ಲೂ ‘ಹೆಣ್ಣುಮಕ್ಕಳು’ ಎಂದರೆ ಹುಡುಗಿಯರೇ ಆಗಬೇಕಿಲ್ಲ, ಎಪ್ಪತ್ತರ ಅಜ್ಜಿಯೂ ಹೆಣ್ಣುಮಗಳೇ. ಅಂದಮೇಲೆ ಈ ಪದಕ್ಕೆ ‘ಹೊಟ್ಟೆಯಲ್ಲಿ ಹುಟ್ಟಿದವನು’ ಎಂಬ ಅರ್ಥದ ಆಚೆಗೂ ಓಡಾಡುವ ಚಾಳಿ ಮೊದಲಿನಿಂದಲೂ ಇತ್ತು. ಬೈಗುಳಗಳಲ್ಲಿ ಅದು ಎಷ್ಟು ಓಡಾಡಿದೆಯೆಂದು ಹೇಳಬೇಕಾಗಿಲ್ಲ. ನಮ್ಮ ಬೈಗುಳಗಳ ದೊಡ್ಡ ಪಾಲು ‘ಮಗ’ನಲ್ಲೇ ಮುಗಿಯುತ್ತದೆ; ಮೊದಲ ಅರ್ಧವನ್ನಷ್ಟೇ ಸಂದರ್ಭಕ್ಕೆ ತಕ್ಕಂತೆ ಬದಲಿಸಿಕೊಳ್ಳುತ್ತೇವೆ.

ಇಲ್ಲಿ ಒಂದು ಸೂಕ್ಷ್ಮ ಗಮನಿಸಿ. ‘ಮಗನೇ’ ಮತ್ತು ‘ಮಗಾ’ ಎರಡೂ ಸಂಬೋಧನೆಗಳೇ. ಆದರೆ ‘ಮಗನೇ, ಸಿಗು ನೀನು’ ಎಂದರೆ ಏಟು ಬೀಳುವ ಸೂಚನೆ. ‘ಮಗಾ, ಸಿಗು’ ಎಂದರೆ ಸಂಜೆ ಕಾಫಿಗೆ ಕರೆದದ್ದು. ‘ನನ್ಮಗನಿಗೆ’ ಎಂದರೆ ಒಂದೋ ಹೆತ್ತ ಮಗ, ಇಲ್ಲವೇ ಬೈಗುಳ. ಗೆಳೆಯ ಎಂಬ ಅರ್ಥ ಅಲ್ಲಿ ಬರುವುದಿಲ್ಲ. ಗೆಳೆತನದ ಅರ್ಥ ಬರೀ ಸಂಬೋಧನೆಯಲ್ಲಿ, ಅದೂ ದೀರ್ಘ ಎಳೆದ ‘ಮಗಾ’ ರೂಪದಲ್ಲಿ ಗಟ್ಟಿಯಾಗಿ ಕೂತಿದೆ. ಭಾಷಾವಿಜ್ಞಾನಿಗಳು ಇದನ್ನು ಅರ್ಥ ತೆಳುವಾಗುವುದು ಎನ್ನುತ್ತಾರೆ. ಪದವೊಂದು ತನ್ನ ಮೂಲಾರ್ಥವನ್ನು ಕಳೆದುಕೊಂಡು ಬರೀ ಸಂಬಂಧ ಸೂಚಿಸುವ ಸಾಧನವಾಗುತ್ತದೆ. ಹಾಗಾಗುವಾಗ ವಿಭಕ್ತಿ, ವಚನಗಳ ಸಾಮಾನನ್ನೂ ಇಳಿಸಿಬಿಡುತ್ತದೆ. ಲಿಂಗವನ್ನೂ ಇಳಿಸುತ್ತದೆ. ಮಲ್ಲೇಶ್ವರದ ಕಾಲೇಜು ಬಿಟ್ಟ ಹೊತ್ತಿಗೆ ಸಂಪಿಗೆ ರಸ್ತೆಯಲ್ಲಿ ನಡೆದರೆ ಹುಡುಗಿಯರು ಪರಸ್ಪರ ‘ಮಗಾ, ನಂಗೆ ಹಾಲ್ ಟಿಕೆಟ್ಟೇ ಬಂದಿಲ್ಲ ಕಣೇ’ ಎನ್ನುವುದು ಕಿವಿಗೆ ಬೀಳುತ್ತದೆ. ‘ಮಗಾ’ ಮತ್ತು ‘ಕಣೇ’ ಒಂದೇ ಉಸಿರಿನಲ್ಲಿ. ‘ಮಗಳೇ’ ಎಂಬುದು ಆ ಜಾಗಕ್ಕೆ ಬರಲಿಲ್ಲ, ಬರುವುದೂ ಇಲ್ಲ. ಅದು ಅಮ್ಮಂದಿರು ಹಲ್ಲು ಕಚ್ಚಿಕೊಂಡು ಹೇಳುವ ಪದ.

ಗೆಳೆಯನನ್ನು ಮಗನೆನ್ನುವುದು ಅಸಂಬದ್ಧ ಎನ್ನುವವರು ತಾವು ಮಗನನ್ನು ಏನೆಂದು ಕರೆಯುತ್ತೇವೆಂದು ನೋಡಿಕೊಳ್ಳಲಿ. ‘ಬಾರಪ್ಪಾ, ಊಟ ಮಾಡು’. ಮಗಳಿಗೆ ‘ಯಾಕಮ್ಮಾ ಅಳ್ತೀಯಾ?’ ಹೆತ್ತವರು ಹೆತ್ತ ಮಕ್ಕಳನ್ನು ಅಪ್ಪಾ, ಅಮ್ಮಾ ಎನ್ನುವ ಊರಿನಲ್ಲಿ ಗೆಳೆಯರು ಗೆಳೆಯರನ್ನು ಮಗಾ ಎಂದರೆ ಏನು ಪ್ರಳಯವಾಯಿತು? ಈ ತಿರುವುಮುರುವು ನಮ್ಮದೊಂದೇ ಅಲ್ಲ. ಅರಬ್ಬಿ ಮಾತಾಡುವ ಹಲವು ನಾಡುಗಳಲ್ಲಿ ತಂದೆ ಮಗುವನ್ನು ‘ಬಾಬಾ’ ಎಂದೇ ಕರೆಯುತ್ತಾನೆ, ತಾಯಿ ‘ಮಾಮಾ’ ಎನ್ನುತ್ತಾಳೆ. ಇನ್ನು ‘ಅಯ್ಯ’ನ ಕತೆ ನೋಡಿ. ಹನ್ನೆರಡನೇ ಶತಮಾನದ ವಚನಕಾರರು ದೇವರನ್ನು ಅಯ್ಯಾ ಎಂದು ಕರೆದರು. ಇವತ್ತು ‘ಏನಯ್ಯಾ’ ಎಂದರೆ ಮೇಲಿನವರು ಕೆಳಗಿನವರನ್ನು ಗದರಿಸುವ ಧಾಟಿ. ದೊಡ್ಡ ಪದಗಳನ್ನು ಚಿಕ್ಕವರಿಗೆ ಕೊಟ್ಟು ಕೊಟ್ಟು ಸವೆಸುವುದು ಕನ್ನಡದ ಹಳೆಯ ಅಭ್ಯಾಸ. ‘ಗುರು’ ಆ ಸಾಲಿಗೆ ಇತ್ತೀಚೆಗೆ ಸೇರಿದ ಸದಸ್ಯ. ಸಂಸ್ಕೃತದಲ್ಲಿ ಗುರು ಎಂದರೆ ಭಾರವಾದದ್ದು. ತಮಾಷೆಯೆಂದರೆ ಛಂದಸ್ಸಿನ ಲೆಕ್ಕದಲ್ಲಿ ‘ಗುರು’ ಎಂಬ ಪದದಲ್ಲಿರುವುದು ಎರಡೂ ಲಘು. ಕೂಗಿ ‘ಗುರೂ’ ಎಂದಾಗಷ್ಟೇ ಅದರಲ್ಲೊಂದು ಗುರು ಹುಟ್ಟುತ್ತದೆ. ಮೂಲದ ಭಾರ ಬೇಕೆಂದರೆ ‘ಗಳು’ ಸೇರಿಸಬೇಕು. ಬಸವನಗುಡಿಯಲ್ಲಿ ಮಠಕ್ಕೆ ಹೋದವರು ‘ಗುರುಗಳೇ’ ಎನ್ನುತ್ತಾರೆ, ಹೊರಗೆ ಬಂದು ಚಪ್ಪಲಿ ಕಾಯುವವರಿಗೆ ‘ಗುರು, ನಮ್ಮದು ಎಲ್ಲಿದೆ?’ ಎನ್ನುತ್ತಾರೆ. ಗೊಂದಲ ಯಾರಿಗೂ ಆಗಿಲ್ಲ.

ಕೂಗುವಾಗಿನ ಎಳೆತವನ್ನು ಪಾಣಿನಿಯೂ ಬಿಟ್ಟಿಲ್ಲ. ದೂರದಲ್ಲಿರುವವರನ್ನು ಕರೆಯುವಾಗ ಕೊನೆಯ ಸ್ವರ ಮೂರು ಮಾತ್ರೆಯಷ್ಟು ಉದ್ದವಾಗುತ್ತದೆ, ಅದು ಪ್ಲುತ ಎಂಬುದಕ್ಕೆ ಅಷ್ಟಾಧ್ಯಾಯಿಯಲ್ಲಿ ಪ್ರತ್ಯೇಕ ಸೂತ್ರವಿದೆ. ನ್ಯಾಷನಲ್ ಕಾಲೇಜು ಮೈದಾನದಲ್ಲಿ ಬೌಂಡರಿ ಹತ್ತಿರ ನಿಂತು ಮೊಬೈಲು ನೋಡುತ್ತಿರುವವನನ್ನು ‘ಮಗಾಽಽ’ ಎಂದು ಕೂಗುವಾಗ ಆ ಸೂತ್ರ ಇನ್ನೂ ಊರ್ಜಿತದಲ್ಲಿರುವುದು ಗೊತ್ತಾಗುತ್ತದೆ. ಆದರೆ ಹತ್ತಿರದಲ್ಲೇ ಇದ್ದು ಎಳೆದರೆ ಅದು ಕರೆಯಲ್ಲ, ಬೇರೆಯೇ ಮಾತು. ಗೆಳೆಯನ ಕೆಲಸ ಹೋಯಿತೆಂಬ ಸುದ್ದಿಗೆ ದನಿ ಇಳಿಸಿ ಎಳೆದ ‘ಮಗಾ...’ ಸಾಂತ್ವನ. ದನಿ ಏರಿಸಿ ಎಳೆದರೆ ‘ನಿಜಾನಾ?’ ಎಂಬ ಪ್ರಶ್ನೆ. ತುಂಡರಿಸಿ ‘ಮಗ!’ ಎಂದರೆ ಹಿಂದೆ ಬಸ್ಸು ಬರುತ್ತಿದೆ, ಸರಿ. ಸಾಲ ಕೇಳುವ ಮುಂಚಿನ ‘ಮಗಾ’ದ ರಾಗವೇ ಬೇರೆ, ಅದನ್ನು ಕೇಳಿದ ಕೂಡಲೇ ಕೈ ಜೇಬು ಮುಚ್ಚಿಕೊಳ್ಳುತ್ತದೆ. ಎರಡಕ್ಷರದಲ್ಲಿ ಅರ್ಥ ಬಹುಪಾಲು ಆವಿಯಾಗಿರುವುದರಿಂದಲೇ ಸ್ವರದ ಏರಿಳಿತಕ್ಕೆ ಇಷ್ಟು ಜಾಗ ಸಿಕ್ಕಿದೆ. ಅರ್ಥ ತುಂಬಿದ ಪದಗಳಿಗೆ ಈ ಸ್ವಾತಂತ್ರ್ಯವಿಲ್ಲ. ‘ಪುರಸಭೆ’ ಎಂಬ ಪದವನ್ನು ಹೇಗೆ ರಾಗ ಎಳೆದರೂ ಅದು ಪುರಸಭೆಯೇ.

‘ಮಚ್ಚಾ’ನದು ಇನ್ನೊಂದು ದಾರಿ. ತಮಿಳಿನ ‘ಮಚ್ಚಾನ್’ ಎಂದರೆ ಭಾವ, ಭಾವಮೈದುನ, ಸೋದರಮಾವನ ಮಗ. ದ್ರಾವಿಡ ಬಂಧುತ್ವದಲ್ಲಿ ಸೋದರಮಾವ, ಸೋದರತ್ತೆಯರ ಮಕ್ಕಳ ಜೊತೆ ಮದುವೆ ನಡೆಯುವುದರಿಂದ ಈ ಎಲ್ಲ ನೆಂಟರೂ ಒಂದೇ ಪದದಲ್ಲಿ ಸೇರಿಕೊಳ್ಳುತ್ತಾರೆ. ಭಾವಮೈದುನರೆಂದರೆ ಒಬ್ಬರನ್ನೊಬ್ಬರು ಗೇಲಿ ಮಾಡಿಕೊಳ್ಳಲು ಪರವಾನಗಿ ಪಡೆದವರು. ಆಫ್ರಿಕದ ಹಲವು ಸಮುದಾಯಗಳಲ್ಲಿ ಇಂಥದ್ದೇ ನಂಟುಗಳನ್ನು ಕಂಡ ಮಾನವಶಾಸ್ತ್ರಜ್ಞ ರ‍್ಯಾಡ್‌ಕ್ಲಿಫ್-ಬ್ರೌನ್ 1940ರಲ್ಲಿ ಇದನ್ನು ತಮಾಷೆಯ ಸಂಬಂಧವೆಂದು ವಿವರಿಸಿದರು. ಆ ಪರವಾನಗಿಯನ್ನು ಗೆಳೆಯರು ಎರವಲು ಪಡೆದರೆ ಅದು ‘ಮಚ್ಚಾ’. ಶ್ರೀಲಂಕಾದಲ್ಲಿ ಅದೇ ಪದ ‘ಮಚಾಂಗ್’. ನಮ್ಮಲ್ಲಿ ಹವ್ಯಕರ ‘ಭಾವ’ ಇದೇ ಕೆಲಸ ಮಾಡುತ್ತದೆ. ಹಿಂದಿಯಲ್ಲಿ ಅದೇ ನಂಟಿನ ‘ಸಾಲಾ’ ಬೈಗುಳವಾಗಿ ಕೂತದ್ದು ಗೊತ್ತೇ ಇದೆ. ಹೆಣ್ಣು ಕೊಟ್ಟವರ ಕಡೆ ಕೀಳು, ತಂದವರ ಕಡೆ ಮೇಲು ಎಂಬ ಲೆಕ್ಕವಿದ್ದಲ್ಲಿ ‘ನೀನು ನನ್ನ ಹೆಂಡತಿಯ ತಮ್ಮ’ ಎಂಬುದು ಅವಮಾನ. ಕೊಡುಕೊಳ್ಳುವಿಕೆ ಎರಡೂ ಕಡೆಯಿಂದ ನಡೆಯುವಲ್ಲಿ ಅದು ಸ್ನೇಹ. ಬೆಂಗಳೂರಿಗೆ ಈ ಪದ ತಮಿಳರಿಂದ ಬಂತು, ಈಗ ತಮಿಳಿನ ಗಂಧವಿಲ್ಲದವರೂ ಇಂಗ್ಲಿಷ್ ವಾಕ್ಯಗಳ ಮಧ್ಯೆ ಅದನ್ನು ಧಾರಾಳವಾಗಿ ಸುರಿಯುತ್ತಾರೆ.

ಬೈಗುಳವೇ ಸ್ನೇಹವಾಗುವುದರ ಹಿಂದೆ ಒಂದು ತರ್ಕವಿದೆ. ಬ್ರಿಟನ್ನಿನ ಭಾಷಾವಿಜ್ಞಾನಿ ಜೆಫ್ರಿ ಲೀಚ್ 1983ರಲ್ಲಿ ಅದನ್ನು ಚುಟುಕಾಗಿ ಹೇಳಿದರು: ನಂಟು ಗಟ್ಟಿಯಾದಷ್ಟೂ ವಿನಯ ಬೇಡವಾಗುತ್ತದೆ, ಆದ್ದರಿಂದ ವಿನಯ ಬಿಟ್ಟು ಮಾತಾಡುವುದೇ ನಂಟು ಗಟ್ಟಿಯಿದೆ ಎಂಬುದರ ಪುರಾವೆ. ಗೆಳೆಯ ಇದ್ದಕ್ಕಿದ್ದಂತೆ ‘ಹೇಗಿದ್ದೀರಿ?’ ಎಂದರೆ ಎದೆ ಝಲ್ಲೆನ್ನುತ್ತದಲ್ಲ, ಅದೇ.

ಮಗಾ, ಗುರುಗಳ ಜೊತೆಗೆ ಬರುವ ಉಳಿದ ಕನ್ನಡವನ್ನೂ ಕೇಳಬೇಕು. ಇದನ್ನು ಅರ್ಥಮಾಡಿಕೊಳ್ಳಲು ವಿಲಿಯಂ ಬ್ರೈಟ್ ಎಂಬ ಅಮೆರಿಕದ ಭಾಷಾವಿಜ್ಞಾನಿಯ ಕಡೆ ತಿರುಗುವುದು ಒಳ್ಳೆಯದು. 1950ರ ದಶಕದಲ್ಲಿ ಇಲ್ಲಿಗೆ ಬಂದ ಆತ ಆಡುಗನ್ನಡದ ಮೇಲೊಂದು ಪುಸ್ತಕ ಬರೆದರು. 1960ರಲ್ಲಿ ಬೆಂಗಳೂರಿನ ಬ್ರಾಹ್ಮಣರ ಮತ್ತು ಬ್ರಾಹ್ಮಣೇತರರ ಕನ್ನಡವನ್ನು ಪಕ್ಕಪಕ್ಕ ಇಟ್ಟು ನೋಡಿದರು. ಒಬ್ಬರು ‘ಇದೆ’ ಎಂದರೆ ಇನ್ನೊಬ್ಬರು ‘ಐತೆ’. ಒಬ್ಬರದು ‘ಕಾಫಿ’, ಇನ್ನೊಬ್ಬರದು ‘ಕಾಪಿ’. ‘ಹಾಲು’ ಇನ್ನೊಂದು ಬಾಯಲ್ಲಿ ‘ಆಲು’. ಬ್ರಾಹ್ಮಣರ ಮಾತು ಪರಭಾಷೆಯ ಪದಗಳನ್ನೂ ಧ್ವನಿಗಳನ್ನೂ ಹಾಗೇ ಒಳಗೆ ಬಿಟ್ಟುಕೊಂಡಿತ್ತು. ಬ್ರಾಹ್ಮಣೇತರರ ಮಾತು ಅವನ್ನು ಕನ್ನಡದ ನಾಲಿಗೆಗೆ ಒಗ್ಗಿಸಿಕೊಂಡು ತನ್ನ ಪಾಡಿಗೆ ತಾನು ಬದಲಾಗುತ್ತಿತ್ತು. ಯಾವುದು ಹೆಚ್ಚು ‘ಶುದ್ಧ’ ಎಂಬ ಪ್ರಶ್ನೆಗೆ ಇದಕ್ಕಿಂತ ಚೆನ್ನಾದ ಉತ್ತರ ನನಗೆ ಗೊತ್ತಿಲ್ಲ. ಎರಡೂ ಬದಲಾಗುತ್ತಿದ್ದವು, ಬೇರೆ ಬೇರೆ ಬಾಗಿಲಿನಿಂದ.

ಈಗ ಬಸವನಗುಡಿಯ ಹುಡುಗನ ಬಾಯಿಗೆ ಬನ್ನಿ. ಮನೆಯಲ್ಲಿ ‘ಸಾರು ಚೆನ್ನಾಗಿದೆ’ ಎಂದವನೇ ಬೀದಿಯಲ್ಲಿ ‘ಸಕತ್ತಾಗೈತೆ ಮಗಾ’ ಎನ್ನುತ್ತಾನೆ. ಮನೆಯ ‘ಇದೆ’ ಬಿಟ್ಟು ಮನೆಯಲ್ಲಿ ಯಾರೂ ಆಡದ ‘ಐತೆ’ ಯಾಕೆ? ಇಂಗ್ಲೆಂಡಿನ ಭಾಷಾವಿಜ್ಞಾನಿ ಪೀಟರ್ ಟ್ರಡ್ಜಿಲ್ 1972ರಲ್ಲಿ ನಾರ್ವಿಚ್ ನಗರದ ಅಧ್ಯಯನದಲ್ಲಿ ಇಂಥದ್ದೇ ಕಂಡಿದ್ದರು. ಅಲ್ಲಿನ 60 ಜನರಲ್ಲಿ ಹಲವು ಗಂಡಸರು ತಾವು ನಿಜವಾಗಿ ಆಡುವುದಕ್ಕಿಂತ ಒರಟಾದ, ದುಡಿಯುವ ವರ್ಗದ ಉಚ್ಚಾರವೇ ತಮ್ಮದೆಂದು ಹೇಳಿಕೊಂಡರು. ಮೇಲ್ನೋಟಕ್ಕೆ ಕೀಳೆನಿಸುವ ಮಾತಿಗೆ ಒಳಗೊಳಗೇ ಇರುವ ಈ ಮರ್ಯಾದೆಗೆ ‘ಮರೆಯ ಪ್ರತಿಷ್ಠೆ’ ಎನ್ನಬಹುದು. ‘ಐತೆ’ಯಲ್ಲಿ ಗಂಡಸುತನ, ಬೀದಿಯ ಅನುಭವ, ಸಿನಿಮಾ ನಾಯಕನ ಗತ್ತು ಎಲ್ಲ ಇದೆ. ಉಪೇಂದ್ರ ನಿರ್ದೇಶಿಸಿದ 1995ರ ‘ಓಂ’ನಂಥ ಚಿತ್ರಗಳು ಬೆಂಗಳೂರಿನ ಭೂಗತ ಲೋಕದ ಮಾತನ್ನು ತೆರೆಗೆ ತಂದವು, 2005ರ ‘ಜೋಗಿ’ಯ ಒಂದು ಹಾಡು ‘ಮಗ’ ಎಂಬ ಕರೆಯನ್ನು ನಾಡಿನ ಮೂಲೆಮೂಲೆಗೆ ಮುಟ್ಟಿಸಿತು. ಇದರಲ್ಲಿ ಸ್ವಲ್ಪ ವೇಷವೂ ಇದೆ, ಮುಚ್ಚಿಡುವುದು ಬೇಡ. ‘ಐತೆ’ ಎನ್ನುವ ಮೇಲುಜಾತಿಯ ಹುಡುಗನಿಗೆ ಅದು ಸಂಜೆ ತೊಟ್ಟು ರಾತ್ರಿ ಬಿಚ್ಚುವ ಅಂಗಿ. ಅದೇ ಮಾತು ಹುಟ್ಟಿನಿಂದ ಬಂದವನಿಗೆ ಕೆಲಸದ ಸಂದರ್ಶನದಲ್ಲಿ ಅಡ್ಡಬರುವ ಗುರುತು.

ಇಷ್ಟೆಲ್ಲ ಕತೆಯಿರುವ ಪದಗಳಿಗೆ ನಿಘಂಟಿನಲ್ಲಿ ಜಾಗ ಸಿಗುವುದು ಕಷ್ಟ. ಚಾಮರಾಜಪೇಟೆಯ ಕನ್ನಡ ಸಾಹಿತ್ಯ ಪರಿಷತ್ತು ಎಂಟು ಸಂಪುಟಗಳಲ್ಲಿ ಹೊರತಂದ ‘ಕನ್ನಡ ನಿಘಂಟು’ ದೊಡ್ಡ ಸಾಧನೆ, ಅನುಮಾನವಿಲ್ಲ. ಶಾಸನದಲ್ಲಿ, ಗ್ರಂಥದಲ್ಲಿ ಎಲ್ಲಿ ಪ್ರಯೋಗವಾಗಿದೆಯೆಂದು ತೋರಿಸುತ್ತಾ ಹೋಗುವ ನಿಘಂಟು ಅದು. ಪರಿಷತ್ತಿನ ಹೊರಗೆ ಪಂಪ ಮಹಾಕವಿ ರಸ್ತೆಯಲ್ಲಿ ಎಳನೀರು ಕೊಚ್ಚುತ್ತಾ ‘ಗಂಜಿನಾ, ನೀರಾ ಗುರು?’ ಎಂದು ಕೇಳುವವರ ಪ್ರಯೋಗಕ್ಕೆ ಅಚ್ಚಿನ ಆಧಾರವಿಲ್ಲ. ಇಂಗ್ಲಿಷಿನಲ್ಲಿ ಜೊನಾಥನ್ ಗ್ರೀನ್ ಎಂಬಾತ ಬೀದಿಮಾತಿಗೆಂದೇ 2010ರಲ್ಲಿ ಮೂರು ದಪ್ಪ ಸಂಪುಟಗಳ ಕೋಶ ತಂದರು. ಕೈಲಾಸಂ ನಾಟಕಗಳಿಂದ ಶುರುಮಾಡಿದರೂ ನಮ್ಮಲ್ಲಿ ನೂರು ವರ್ಷದ ಸರಕು ಬಿದ್ದಿದೆ.

ಮಾಡುವುದಾದರೆ ಬೇಗ ಮಾಡಬೇಕು, ಏಕೆಂದರೆ ಈ ಪದಗಳು ನಿಲ್ಲುವವಲ್ಲ. ನಮ್ಮ ಯೂಟ್ಯೂಬಿನವರು ಬೆಳಗ್ಗೆದ್ದು ‘ಹಾಯ್ ಗೈಸ್’ ಎನ್ನುತ್ತಾರಲ್ಲ, ಆ ‘ಗೈ’ 1605ರಲ್ಲಿ ಲಂಡನ್ನಿನ ಪಾರ್ಲಿಮೆಂಟಿಗೆ ಮದ್ದು ಇಡಲು ಹೋಗಿ ಸಿಕ್ಕಿಬಿದ್ದ ಗೈ ಫಾಕ್ಸ್. ವರ್ಷವರ್ಷವೂ ಸುಡುವ ಅವನ ಬೊಂಬೆಗೆ ಆ ಹೆಸರಾಯಿತು, ಬೊಂಬೆಯಂತೆ ಚಿಂದಿ ತೊಟ್ಟವನಿಗೆ ಹೆಸರಾಯಿತು, ಆಮೇಲೆ ಯಾವ ಗಂಡಸಿಗಾದರೂ ಸರಿ, ಈಗ ಹೆಂಗಸರ ಗುಂಪಿಗೂ ಸರಿ. ಬೆಂಗಳೂರಿನಲ್ಲಿ ಈಗ ‘ಬ್ರೋ’ ನುಗ್ಗುತ್ತಿದೆ. ಊಟ ತಂದುಕೊಡುವ ಹುಡುಗ ಗೇಟಿನ ಹತ್ತಿರ ನಿಂತು ಫೋನಿನಲ್ಲಿ ‘ಬ್ರೋ, ಕೆಳಗೆ ಬರ್ತೀರಾ?’ ಎನ್ನುತ್ತಾನೆ, ಕಾಲೇಜಿನ ಹುಡುಗರು ‘ಬಾ ಬ್ರೋ’ ಎನ್ನುತ್ತಾರೆ. ಬಾ, ಬನ್ನಿ ಎರಡಕ್ಕೂ ಒಗ್ಗುವ ಪರೀಕ್ಷೆಯಲ್ಲಿ ಅದು ಪಾಸಾಗಿದೆ. ‘ಮಗಾ’ಕ್ಕೆ ಅದರಿಂದ ಅಪಾಯವಿಲ್ಲ, ಅದರ ಜಾಗ ಬೇರೆ. ಅಪಾಯ ಇರುವುದು ‘ಗುರು’ವಿಗೆ.

ಹಾಗೆ ನಿಜವಾಗಿಯೂ ಆಗುತ್ತಿದೆಯೇ ಎಂಬುದನ್ನು ಓದುಗರೇ ಅಳೆಯಬಹುದು. ಕೀಸ್ಲಿಂಗರ ವಿದ್ಯಾರ್ಥಿಗಳಂತೆ ಮೂರು ದಿನ ಒಂದು ಚೀಟಿ ಜೇಬಿನಲ್ಲಿಟ್ಟುಕೊಳ್ಳಿ. ಕೇಳಿಸಿದ ಪ್ರತಿ ‘ಗುರು’, ಪ್ರತಿ ‘ಬ್ರೋ’, ಪ್ರತಿ ‘ಮಗಾ’ವನ್ನು ಬರೆದುಕೊಳ್ಳಿ, ಯಾರು ಯಾರಿಗೆ ಹೇಳಿದರು, ಇಬ್ಬರ ಅಂದಾಜು ವಯಸ್ಸೆಷ್ಟು, ಮುಖ್ಯವಾಗಿ ಹಿಂದೆಯೇ ಬಂದ ಕ್ರಿಯಾಪದ ಯಾವ ರೂಪದಲ್ಲಿತ್ತು. ಹೆಸರು ಬೇಡ, ಧ್ವನಿಮುದ್ರಣ ಬೇಡ. ಮಲ್ಲೇಶ್ವರದವರು ಎಂಟನೇ ಕ್ರಾಸಿನ ಹೂವಿನ ಅಂಗಡಿಗಳ ಮುಂದೆ ಶುರುಮಾಡಬಹುದು, ಚಾಮರಾಜಪೇಟೆಯವರು ಯಾವ ಬಸ್ ಸ್ಟಾಪಿನಲ್ಲಾದರೂ ಸರಿ. ಚೀಟಿ ತುಂಬಿದ ಮೇಲೆ ಅದನ್ನು ಎಸೆಯದೆ ದಿನಾಂಕ ಹಾಕಿ ಇಡಿ.